ಹೊಸ ಬಲ್ಬು ತರುವ ಮೊದಲು: ಮನೆಯ ದೀಪ ಏಕೆ ಹೋಯಿತೆಂದು ಪತ್ತೆಹಚ್ಚುವ ಬಗೆ

ಹಳೇ ದಾವಣಗೆರೆಯ ನಮ್ಮ ದೊಡ್ಡಮ್ಮನ ಮನೆಯ ಪಡಸಾಲೆಯಲ್ಲಿ ಯುಗಾದಿಯಿಂದ ಗಣೇಶನ ಹಬ್ಬದೊಳಗೆ ಮೂರು ಬಲ್ಬು ಹೋದವು. ಮೂರೂ 9 ವ್ಯಾಟ್‌ನ ಎಲ್‌ಇಡಿ, ಮೂರೂ ಬೇರೆ ಬೇರೆ ಕಂಪನಿಯವು. ಮೊದಲನೆಯದು ಹೋದಾಗ ಮಾಲು ಅಗ್ಗದ್ದು ಎಂದರು. ಎರಡನೆಯದು ಹೋದಾಗ ವೋಲ್ಟೇಜ್ ಸರಿಯಿಲ್ಲ ಎಂದರು. ಮೂರನೆಯದೂ ಹೋದ ದಿನ ದೊಡ್ಡಮ್ಮ ಫೋನ್ ಮಾಡಿ, "ಒಂದು ಸಲ ಬಂದು ನೋಡಿ ಹೋಗಪ್ಪ, ಆ ಜಾಗಕ್ಕೇ ಏನೋ ಆಗಿದೆ" ಎಂದರು. ಇಪ್ಪತ್ತು ವರ್ಷದಿಂದ ಮನೆ ವೈರಿಂಗ್ ಕೆಲಸ ಮಾಡುತ್ತಿರುವ ನನಗೆ ಆ ಮಾತಿನಲ್ಲಿ ಹುರುಳಿದೆ ಎನಿಸಿತು. ಮೂರು ಸಲ ಬಲ್ಬು ಬದಲಾಗಿದೆ, ಜಾಗ ಮಾತ್ರ ಅದೇ.

ಏಣಿ ಹಾಕಿ ನೋಡಿದಾಗ ಎರಡು ಸಂಗತಿ ಕಂಡವು. ಹೋಲ್ಡರ್ ಒಳಗಿನ ಎರಡು ಹಿತ್ತಾಳೆ ಪಿನ್‌ಗಳಲ್ಲಿ ಒಂದರ ಸ್ಪ್ರಿಂಗ್ ಸತ್ತು, ಪಿನ್ ಒಳಗೇ ಕುಳಿತುಬಿಟ್ಟಿತ್ತು. ಬಲ್ಬಿನ ಬುಡಕ್ಕೆ ಅದು ತಾಗಿಯೂ ತಾಗದಂತಿದ್ದು, ಅಲ್ಲಿ ಕಿಡಿ ಹಾರಿ ಹಾರಿ ಮಸಿ ಕಟ್ಟಿತ್ತು. ಮೂರು ಬಲ್ಬಿನ ಜೀವ ತೆಗೆದದ್ದು ಇದು. ಎರಡನೆಯ ಸಂಗತಿ ಇದಕ್ಕಿಂತ ಕೆಟ್ಟದ್ದು: ಗೋಡೆಯ ಸ್ವಿಚ್ ಆಫ್ ಇದ್ದಾಗಲೂ ಇನ್ನೊಂದು ಪಿನ್ನಿಗೆ ಟೆಸ್ಟರ್ ಮುಟ್ಟಿಸಿದರೆ ಅದು ಕೆಂಪಗೆ ಹತ್ತುತ್ತಿತ್ತು. ಹಿಂದೆ ವೈರಿಂಗ್ ಮಾಡಿದವರು ಸ್ವಿಚ್ಚನ್ನು ಕರೆಂಟ್ ತರುವ ಫೇಸ್ ತಂತಿಗೆ ಕೊಡುವ ಬದಲು, ಅದು ಹಿಂದಿರುಗುವ ನ್ಯೂಟ್ರಲ್‌ಗೆ ಕೊಟ್ಟಿದ್ದರು. ಸ್ವಿಚ್ ಆಫ್ ಮಾಡಿದರೆ ದೀಪ ಆರುತ್ತಿತ್ತು, ಹೋಲ್ಡರ್‌ನಲ್ಲಿ ಮಾತ್ರ 230 ವೋಲ್ಟ್ ಹಾಗೆಯೇ ಉಳಿಯುತ್ತಿತ್ತು. ಮೂರು ಸಲವೂ ಬಲ್ಬು ಬದಲಿಸಿದ್ದು ದೊಡ್ಡಮ್ಮನ ಮೊಮ್ಮಗ, ಹದಿನಾರು ವರ್ಷದ ಹುಡುಗ. ಸ್ವಿಚ್ ಆಫ್ ಮಾಡಿದ್ದೇನಲ್ಲ ಎಂಬ ಧೈರ್ಯದಿಂದ, ಕಬ್ಬಿಣದ ಮಡಚು ಕುರ್ಚಿಯ ಮೇಲೆ, ಬರಿಗಾಲಲ್ಲಿ ನಿಂತು. ಅವನ ಬೆರಳಿಗೂ ಆ ಪಿನ್ನಿಗೂ ಒಂದು ಸೆಂಟಿಮೀಟರ್ ಅಂತರವೂ ಇದ್ದಿರಲಾರದು.

ಆ ಸಂಜೆಯ ನಂತರ ಇದನ್ನು ಬರೆದಿಡಬೇಕೆಂದು ನಿರ್ಧರಿಸಿದೆ. ಬಲ್ಬು ಬದಲಿಸಲು ಎಲೆಕ್ಟ್ರಿಷಿಯನ್ ಬೇಡ, ನಿಜ. ಆದರೆ ಬಲ್ಬು ಏಕೆ ಹೋಯಿತೆಂದು ಕೇಳಿಕೊಳ್ಳದೆ ಬದಲಿಸುವುದೂ, ಕರೆಂಟ್ ಇಲ್ಲವೆಂದು ಪರೀಕ್ಷಿಸದೆ ಕೈ ಹಾಕುವುದೂ ನಮ್ಮ ಕಡೆ ತೀರಾ ಸಾಮಾನ್ಯವಾಗಿಬಿಟ್ಟಿವೆ.

ಕೈ ಹಾಕುವ ಮೊದಲು

ಮೇನ್ ಸ್ವಿಚ್ ಇಳಿಸಿ. ಒಂದು ಬಲ್ಬಿಗೆ ಇಡೀ ಮನೆಯ ಕರೆಂಟ್ ತೆಗೆಯಬೇಕೇ ಎಂದು ಹಲವರು ಕೇಳುತ್ತಾರೆ. ಗೋಡೆಯ ಸ್ವಿಚ್ ಒಂದೇ ತಂತಿಯನ್ನು ಕಡಿಯುತ್ತದೆ, ಅದು ಸರಿಯಾದ ತಂತಿಯೇ ಎಂಬುದು ಹೊರಗಿನಿಂದ ಗೊತ್ತಾಗುವುದಿಲ್ಲ. ಮಿತಿಮೀರಿ ಕರೆಂಟ್ ಹರಿದರೆ ತಾನೇ ಬೀಳುವ ಸ್ವಿಚ್, ಅಂದರೆ ದೀಪದ ಲೈನಿನ ಒಂಟಿ ಎಂಸಿಬಿ ಕೂಡ ಫೇಸ್ ಒಂದನ್ನೇ ಕಡಿಯುತ್ತದೆ. ಎರಡು ಧ್ರುವದ ಮೇನ್ ಸ್ವಿಚ್ ಫೇಸ್ ಮತ್ತು ನ್ಯೂಟ್ರಲ್ ಎರಡನ್ನೂ ಬೇರ್ಪಡಿಸುತ್ತದೆ. ಮೆಟ್ಟಿಲಿನ ದೀಪಕ್ಕೆ ಕೆಳಗೊಂದು ಮೇಲೊಂದು ಸ್ವಿಚ್ ಇರುವ ಮನೆಗಳಲ್ಲಂತೂ ಸ್ವಿಚ್ಚಿನ ಗುಂಡಿ ನೋಡಿ ಆಫ್ ಇದೆಯೋ ಆನ್ ಇದೆಯೋ ಹೇಳುವುದೇ ಸಾಧ್ಯವಿಲ್ಲ. ಬಲ್ಬು ಸುಟ್ಟಿರುವಾಗ ಮೇಲಿನವರು ಒಮ್ಮೆ, ಕೆಳಗಿನವರು ಒಮ್ಮೆ ಸ್ವಿಚ್ ಒತ್ತಿ ಹೋಗಿರುತ್ತಾರೆ.

ಇನ್ವರ್ಟರ್ ಇರುವ ಮನೆಯಲ್ಲಿ ಮೇನ್ ಇಳಿಸಿದರೂ ಕೆಲಸ ಮುಗಿಯುವುದಿಲ್ಲ. ಇದನ್ನು ನಾನು ವಿದ್ಯಾನಗರದ ಒಂದು ಮನೆಯಲ್ಲಿ ಕಲಿತೆ. ಮೇನ್ ಇಳಿಸಿ ಏಣಿ ಹತ್ತಿದೆ, ಅಭ್ಯಾಸಬಲದಿಂದ ಟೆಸ್ಟರ್ ಇಟ್ಟೆ, ಹತ್ತಿತು. ಮೇನ್ ಇಳಿದ ಕೂಡಲೇ ಕರೆಂಟ್ ಹೋಯಿತೆಂದು ತಿಳಿದ ಇನ್ವರ್ಟರ್, ಬ್ಯಾಟರಿಯಿಂದ ಅದೇ ದೀಪದ ಲೈನಿಗೆ ವಿದ್ಯುತ್ ಕೊಡತೊಡಗಿತ್ತು. ಇನ್ವರ್ಟರ್ ಕೊಡುವುದೂ 230 ವೋಲ್ಟೇ, ಅದರ ಹೊಡೆತವೇನೂ ಕಡಿಮೆಯಲ್ಲ. ಆದ್ದರಿಂದ ಮೇನ್ ಇಳಿಸಿದ ಮೇಲೆ ಇನ್ವರ್ಟರ್‌ನ ಗುಂಡಿಯನ್ನೂ ಆಫ್ ಮಾಡಬೇಕು. ಒಂದನ್ನು ಮಾತ್ರ ಆಫ್ ಮಾಡಿದರೆ ಇನ್ನೊಂದರಿಂದ ಕರೆಂಟ್ ಬರುತ್ತದೆ. ಹಾಗೆಯೇ ಕರೆಂಟ್ ಹೋಗಿರುವಾಗ "ಈಗಲೇ ಬದಲಿಸಿಬಿಡೋಣ" ಎಂದು ಹತ್ತಬೇಡಿ. ಹೋದದ್ದು ಯಾವ ಕ್ಷಣದಲ್ಲಾದರೂ ಬರಬಹುದು.

ಟೆಸ್ಟರ್ ಬಳಸುವುದಕ್ಕೂ ಒಂದು ಕ್ರಮವಿದೆ. ಏಣಿ ಹತ್ತುವ ಮೊದಲು, ಕರೆಂಟ್ ಇರುವ ಸಾಕೆಟ್ಟಿನಲ್ಲಿ ಇಟ್ಟು ಅದು ಹತ್ತುತ್ತದೆಯೇ ನೋಡಿ. ಆಮೇಲೆ ಮೇನ್ ಇಳಿಸಿ ಹೋಲ್ಡರ್‌ನಲ್ಲಿ ಇಡಿ. ಕೆಲಸ ಮುಗಿಸಿ ಮೇನ್ ಏರಿಸಿದ ಮೇಲೆ ಮತ್ತೊಮ್ಮೆ ಅದೇ ಸಾಕೆಟ್ಟಿನಲ್ಲಿ ನೋಡಿ. ಟೆಸ್ಟರ್ ಹತ್ತಿದರೆ ಕರೆಂಟ್ ಇದೆಯೆಂದು ನಂಬಿ. ಹತ್ತಲಿಲ್ಲವೆಂದರೆ ಇಲ್ಲವೆಂದು ಸುಲಭವಾಗಿ ನಂಬಬೇಡಿ. ಅದರೊಳಗಿನ ನಿಯಾನ್ ದೀಪ ನಿಮ್ಮ ಮೈಯ ಮೂಲಕ ಹರಿಯುವ ಅತ್ಯಲ್ಪ ವಿದ್ಯುತ್ತಿನಿಂದ ಬೆಳಗುವಂಥದ್ದು. ಒಣ ಮರದ ಏಣಿಯ ಮೇಲೆ ರಬ್ಬರ್ ಚಪ್ಪಲಿ ಹಾಕಿ ನಿಂತಾಗ ಅದು ಮಂಕಾಗಿ ಹತ್ತುತ್ತದೆ, ಮಧ್ಯಾಹ್ನದ ಬೆಳಕಿನಲ್ಲಿ ಆ ಮಂಕು ಕಣ್ಣಿಗೆ ಬೀಳುವುದೇ ಇಲ್ಲ. ಇಂಥ ಕಡೆ ಅಂಗೈಯನ್ನು ಅಡ್ಡ ಹಿಡಿದು ನೆರಳು ಮಾಡಿ ನೋಡಬೇಕು.

ಇನ್ನು ನಿಲ್ಲುವ ಜಾಗ. ಬಲ್ಬು ಬದಲಿಸುವಾಗ ಬೀಳುವ ಅಪಾಯ ಶಾಕ್‌ನ ಅಪಾಯಕ್ಕಿಂತ ಸಣ್ಣದೇನಲ್ಲ. ಸಣ್ಣ ಶಾಕ್‌ಗೆ ಬೆಚ್ಚಿ ಮೇಲಿನಿಂದ ಬಿದ್ದು ಸೊಂಟ ಮುರಿದುಕೊಂಡವರೂ ಇದ್ದಾರೆ. ಪ್ಲಾಸ್ಟಿಕ್ ಕುರ್ಚಿಯ ಮೇಲೆ ಸ್ಟೂಲು ಇಟ್ಟು ಹತ್ತುವುದು, ಮಂಚದ ಅಂಚಿನಲ್ಲಿ ನಿಲ್ಲುವುದು ಬೇಡ. ಒಣಗಿದ ಮರದ ಸ್ಟೂಲು ಅಥವಾ ಏಣಿ, ಕೆಳಗೆ ಹಿಡಿದುಕೊಳ್ಳಲು ಒಬ್ಬರು, ಕಾಲಿಗೆ ಒಣ ಚಪ್ಪಲಿ, ಒರೆಸಿದ ಕೈ. ನೆಲ ತೊಳೆದ ತಕ್ಷಣ ಈ ಕೆಲಸಕ್ಕೆ ಇಳಿಯಬೇಡಿ. ಆರಿದ ಬಲ್ಬನ್ನು ಕೂಡಲೇ ಹಿಡಿಯಬೇಡಿ: ಒಳಗಿನ ತಂತಿ ಕಾದು ಬೆಳಗುವ ಹಳೆಯ ಬಲ್ಬಿನ ಗಾಜು ಕೈ ಸುಡುವಷ್ಟು ಬಿಸಿಯಿರುತ್ತದೆ, ಎಲ್‌ಇಡಿಯ ಕತ್ತು ಕೂಡ ಬಿಸಿಯಾಗುತ್ತದೆ. ಹದಿನೈದು ನಿಮಿಷ ಬಿಟ್ಟರೆ ಸಾಕು.

ಹೋದ ಬಲ್ಬನ್ನು ಎಸೆಯದೆ ನೋಡಿ

ದೊಡ್ಡಮ್ಮ ಏನನ್ನೂ ಎಸೆಯುವವರಲ್ಲ. ಸುಟ್ಟ ಮೂರೂ ಬಲ್ಬುಗಳು ಅಟ್ಟದ ಡಬ್ಬಿಯಲ್ಲಿದ್ದವು. ಅವನ್ನು ಸಾಲಾಗಿ ಮಲಗಿಸಿ ಬುಡ ನೋಡಿದೆ. ಪಿನ್ ಬಲ್ಬಿನ ಬುಡದಲ್ಲಿ ಸೀಸ ಹಾಕಿದ ಎರಡು ಚುಕ್ಕೆಗಳಿರುತ್ತವಲ್ಲ, ಮೂರರಲ್ಲೂ ಒಂದು ಚುಕ್ಕೆ ಹೊಳೆಯುತ್ತಿತ್ತು, ಇನ್ನೊಂದು ಕಪ್ಪಾಗಿ ಹಳ್ಳ ಬಿದ್ದಿತ್ತು. ಹೋಲ್ಡರ್ ಬಿಚ್ಚುವ ಮೊದಲೇ ನನಗೆ ಅರ್ಧ ಉತ್ತರ ಸಿಕ್ಕಿತ್ತು. ಒಂದು ಬಲ್ಬಿಗೆ ಹಾಗಾದರೆ ಆಕಸ್ಮಿಕ ಎನ್ನಬಹುದು, ಮೂರಕ್ಕೂ ಹಾಗಾಗಿದ್ದರೆ ಪಿನ್ ಸರಿಯಾಗಿ ಒತ್ತುತ್ತಿಲ್ಲ ಎಂದೇ ಅರ್ಥ. ತಾಗಿ ಬಿಟ್ಟು, ತಾಗಿ ಬಿಟ್ಟು ಬರುವ ಕರೆಂಟು ಎಲ್‌ಇಡಿಯ ಒಳಗೆ ಕರೆಂಟನ್ನು ಹದಗೊಳಿಸುವ ಡ್ರೈವರ್‌ಗೆ ಪ್ರತಿ ಸಲವೂ ಒಂದು ಪೆಟ್ಟು ಕೊಡುತ್ತದೆ. ಅಂಗಡಿಯವರು ಎಷ್ಟು ಒಳ್ಳೆಯ ಬಲ್ಬು ಕೊಟ್ಟರೂ ಆ ಹೋಲ್ಡರ್‌ನಲ್ಲಿ ಬಾಳುವುದಿಲ್ಲ. ಇದಕ್ಕೆ ಮದ್ದು ಹೊಸ ಹೋಲ್ಡರ್. ಉಪ್ಪುಕಾಗದದಿಂದ ಪಿನ್ ಉಜ್ಜಿ ಮತ್ತೆ ಬಳಸುವವರಿದ್ದಾರೆ, ನಾನು ಅದನ್ನು ಒಪ್ಪುವುದಿಲ್ಲ. ಸತ್ತ ಸ್ಪ್ರಿಂಗಿಗೆ ಉಜ್ಜುವುದರಿಂದ ಬಲ ಬರುವುದಿಲ್ಲ.

ಬುಡ ಸ್ವಚ್ಛವಾಗಿದ್ದು, ಬಲ್ಬಿನ ಬಿಳಿ ಬುರುಡೆ ಹಳದಿ ತಿರುಗಿದ್ದರೆ ಅಥವಾ ಕತ್ತಿನ ಪ್ಲಾಸ್ಟಿಕ್ ಕಂದಿದ್ದರೆ ಕಾರಣ ಶಾಖ. ದಾವಣಗೆರೆಯ ಬೇಸಿಗೆ ಯಾರಿಗೂ ಹೇಳಿಕೊಡಬೇಕಾದದ್ದಲ್ಲ. ಏಪ್ರಿಲ್‌ನಲ್ಲಿ ಸಿಮೆಂಟ್ ಶೀಟಿನ ಅಥವಾ ತಗಡಿನ ಮಾಡಿನ ಕೆಳಗೆ, ಅದರಲ್ಲೂ ಗಾಳಿಯಾಡದ ಗಾಜಿನ ಗುಂಡಿನೊಳಗೆ ಕುಳಿತ ಎಲ್‌ಇಡಿ ತನ್ನ ಶಾಖವನ್ನು ಹೊರಗೆ ಬಿಡಲಾರದೆ ಬೇಯುತ್ತದೆ. ಮೊದಲು ಸೋಲುವುದು ಡ್ರೈವರ್‌ನ ಕೆಪಾಸಿಟರ್. ಡಬ್ಬಿಯ ಮೇಲೆ 15,000 ಗಂಟೆ, 25,000 ಗಂಟೆ ಎಂದು ಬರೆದಿರುವುದು ಶಾಖ ಹೊರಹೋಗುವಂಥ ಜಾಗದ ಲೆಕ್ಕ. ಇಂಥ ಕಡೆ ಗಾಜಿನ ಗುಂಡು ತೆಗೆದುಬಿಡಿ, ಇಲ್ಲವೇ ಕಡಿಮೆ ವ್ಯಾಟ್‌ನದು ಹಾಕಿ.

ಮಂಡಕ್ಕಿ ಭಟ್ಟಿಗಳ ಆಸುಪಾಸಿನ ಮನೆಗಳಿಂದ ಇನ್ನೊಂದು ದೂರು ಬರುತ್ತದೆ: "ಬಲ್ಬು ಹೋಗಿಲ್ಲ, ಮಂಕಾಗಿದೆ." ಎಷ್ಟೋ ಸಲ ಅದು ಬರೀ ಮಸಿ. ಕರೆಂಟ್ ತೆಗೆದು, ಬಲ್ಬು ಬಿಚ್ಚಿ, ಒಣ ಬಟ್ಟೆಯಲ್ಲಿ ಒರೆಸಿದರೆ ಬೆಳಕು ಮರಳಿ ಬರುತ್ತದೆ. ಒದ್ದೆ ಬಟ್ಟೆ ಬೇಡ, ನೀರು ಕತ್ತಿನ ಸಂದಿಗೆ ಇಳಿಯುತ್ತದೆ. ಮಸಿ ಮತ್ತು ಜಿಡ್ಡು ಕುಳಿತ ಬಲ್ಬು ಬೇಗ ಬಿಸಿಯೂ ಆಗುವುದರಿಂದ, ಅಡುಗೆಮನೆಯ ಬಲ್ಬನ್ನು ಹಬ್ಬಕ್ಕೊಮ್ಮೆಯಾದರೂ ಒರೆಸುವುದು ಲೇಸು.

ತಂತಿಯ ಬಲ್ಬು ಈಗ ಅಪರೂಪ, ದೇವರ ಕೋಣೆಯ ಜೀರೋ ಬಲ್ಬಿನಲ್ಲಿ ಉಳಿದುಕೊಂಡಿದೆ. ಅದರ ಗಾಜಿನ ಒಳಗೆ ಕನ್ನಡಿಯಂಥ ಕಪ್ಪು ಕಟ್ಟಿದ್ದರೆ ವಯಸ್ಸಾಗಿ ಹೋದದ್ದು, ಅಲ್ಲಿ ದೋಷ ಹುಡುಕಬೇಕಿಲ್ಲ. ಬಿಳಿ ಪುಡಿ ಕಂಡರೆ ಗಾಜಿಗೆ ಕೂದಲೆಳೆಯ ಬಿರುಕು ಬಿದ್ದು ಗಾಳಿ ಹೊಕ್ಕಿದೆ, ಕೈಯಲ್ಲೇ ಒಡೆಯಬಹುದು, ಬಟ್ಟೆ ಸುತ್ತಿ ತೆಗೆಯಿರಿ. ಪದೇ ಪದೇ ಬೇಗ ಸುಟ್ಟರೆ ವೋಲ್ಟೇಜ್ ಹೆಚ್ಚಿರಬಹುದು. ವೋಲ್ಟೇಜ್ ಶೇ. 5ರಷ್ಟು ಹೆಚ್ಚಾದರೆ ತಂತಿಯ ಬಲ್ಬಿನ ಆಯಸ್ಸು ಹೆಚ್ಚುಕಡಿಮೆ ಅರ್ಧಕ್ಕೆ ಇಳಿಯುತ್ತದೆ.

ಹೊಸ ಬಲ್ಬು ಹಾಕಿದರೂ ಹತ್ತದಿದ್ದರೆ

ಅಂಗಡಿಗೆ ಓಡುವ ಮೊದಲು ಪಕ್ಕದ ಕೋಣೆಯಲ್ಲಿ ಚೆನ್ನಾಗಿ ಹತ್ತುತ್ತಿರುವ ಬಲ್ಬನ್ನು ತಂದು ಇಲ್ಲಿ ಹಾಕಿ, ಇಲ್ಲಿನದನ್ನು ಅಲ್ಲಿ ಹಾಕಿ. ಮೇನ್ ಇಳಿಸಿಯೇ. ಇಲ್ಲಿನ ಬಲ್ಬು ಅಲ್ಲಿ ಹತ್ತಿದರೆ ಬಲ್ಬು ನಿರಪರಾಧಿ. ಇಷ್ಟನ್ನೇ ಮಾಡದೆ ಒಳ್ಳೆಯ ಬಲ್ಬನ್ನು ಕಸಕ್ಕೆ ಎಸೆದ ಮನೆಗಳು ಲೆಕ್ಕವಿಲ್ಲ.

ಬಲ್ಬು ಸರಿಯಿದ್ದು ಈ ಒಂದೇ ಜಾಗ ಕತ್ತಲಾಗಿದ್ದರೆ ಸ್ವಿಚ್, ಹೋಲ್ಡರ್, ಇವೆರಡರ ನಡುವಿನ ತಂತಿ, ಈ ಮೂರರಲ್ಲಿ ದೋಷವಿದೆ. ಸ್ವಿಚ್ ಒತ್ತಿದಾಗ ಗಟ್ಟಿಯಾಗಿ 'ಟಕ್' ಎನ್ನದೆ ಮೆತ್ತಗೆ ಕುಸಿದರೆ, ಒಳಗೆ 'ಚರ್' ಎಂದರೆ, ಅಥವಾ ಹಲಗೆ ಬೆಚ್ಚಗಿದ್ದು ಬೇಕಲೈಟ್ ಸುಟ್ಟ ವಾಸನೆ ಬಂದರೆ ಸ್ವಿಚ್ ಹೋಗಿದೆ. ವಾಸನೆ ಬಂದ ಸ್ವಿಚ್ಚನ್ನು ಮತ್ತೆ ಒತ್ತಿ ಒತ್ತಿ ನೋಡಬೇಡಿ.

ಸ್ವಿಚ್ ಚೆನ್ನಾಗಿದ್ದರೆ ಇಲ್ಲೊಂದು ಬಲೆ ಇದೆ, ಕೆಲಸ ಕಲಿಯುವ ಹುಡುಗರೂ ಅದಕ್ಕೆ ಬೀಳುತ್ತಾರೆ. ಹೋಲ್ಡರ್‌ನಲ್ಲಿ ಟೆಸ್ಟರ್ ಹತ್ತುತ್ತದೆ, ಬಲ್ಬು ಮಾತ್ರ ಹತ್ತುವುದಿಲ್ಲ. ಕರೆಂಟ್ ಬರುತ್ತಿದೆಯಲ್ಲ, ಮತ್ತೇಕೆ ಎಂದು ತಲೆ ಕೆಡಿಸಿಕೊಳ್ಳುತ್ತಾರೆ. ಟೆಸ್ಟರ್ ಹೇಳುವುದು ಫೇಸ್ ಬಂದಿದೆ ಎಂಬುದನ್ನಷ್ಟೇ. ಹೋದ ಕರೆಂಟು ಹಿಂದಿರುಗುವ ನ್ಯೂಟ್ರಲ್ ತಂತಿ ಎಲ್ಲೋ ಕಡಿದಿದ್ದರೆ ಟೆಸ್ಟರ್‌ಗೆ ಅದು ತಿಳಿಯದು. ಬಲ್ಬು ತೆಗೆದ ಹೋಲ್ಡರ್‌ನಲ್ಲಿ ನೋಡಿದರೆ ಸರಿಯಿರುವ ಲೈನು, ನ್ಯೂಟ್ರಲ್ ಕಡಿದ ಲೈನು ಎರಡೂ ಒಂದೇ ತೆರನಾಗಿ ಕಾಣುತ್ತವೆ: ಒಂದು ಪಿನ್ ಹತ್ತುತ್ತದೆ, ಇನ್ನೊಂದು ಹತ್ತುವುದಿಲ್ಲ. ಎರಡು ಪಿನ್‌ಗಳ ನಡುವೆ ಮಲ್ಟಿಮೀಟರ್ ಹಿಡಿದರೆ ಮಾತ್ರ ಗೊತ್ತಾಗುತ್ತದೆ. 230ರ ಸುತ್ತಮುತ್ತ ತೋರಿಸಿದರೆ ಎರಡೂ ತಂತಿ ಇವೆ. ಇದು ಕರೆಂಟ್ ಇರುವಾಗ ಮಾಡುವ ಪರೀಕ್ಷೆಯಾದ್ದರಿಂದ ಬಲ್ಲವರೇ ಮಾಡಲಿ. ಹಳೆಯ ಮನೆಗಳಲ್ಲಿ ನ್ಯೂಟ್ರಲ್ ಕಡಿಯುವುದು ಬಹುಪಾಲು ಜೋಡಣೆಯಲ್ಲೇ. ಮರದ ಪಟ್ಟಿಯೊಳಗೆ ಎಳೆದ ಅಲ್ಯೂಮಿನಿಯಂ ತಂತಿ ಸ್ಕ್ರೂ ಕೆಳಗೆ ಚಪ್ಪಟೆಯಾಗಿ ಮುರಿದಿರುತ್ತದೆ, ಇಲ್ಲವೇ ಹೊಸೆದು ಟೇಪು ಸುತ್ತಿದ ಗಂಟು ಸಡಿಲವಾಗಿರುತ್ತದೆ. ಅಂಥ ಮನೆಗಳಲ್ಲಿ ಒಂದು ಗಂಟು ಸರಿಮಾಡಿ ಬಂದರೆ ಎರಡು ತಿಂಗಳಲ್ಲಿ ಪಕ್ಕದ ಗಂಟಿಗೆ ಕರೆ ಬರುತ್ತದೆ. ಆ ಲೈನನ್ನು ಪೂರ್ತಿ ಬದಲಿಸಿ ಎಂದು ನಾನು ಮುಖಕ್ಕೇ ಹೇಳುತ್ತೇನೆ, ಖರ್ಚಿನ ಮಾತೆಂದು ಕೆಲವರು ಬೇಸರಪಟ್ಟುಕೊಂಡರೂ.

ಸ್ವಿಚ್ ಆಫ್ ಮಾಡಿದರೂ ಮಿಣಮಿಣ ಎನ್ನುವ ಬಲ್ಬು

ರಾತ್ರಿ ದೀಪ ಆರಿಸಿ ಮಲಗಿದ ಮೇಲೆ ಬಲ್ಬು ಮಿಂಚುಹುಳದಂತೆ ಸಣ್ಣಗೆ ಬೆಳಗುತ್ತದೆ, ಅಥವಾ ಆಗಾಗ ಕಣ್ಣು ಮಿಟುಕಿಸುತ್ತದೆ. ಮಕ್ಕಳು ಹೆದರುತ್ತಾರೆ, ದೊಡ್ಡವರು ಕರೆಂಟ್ ಬಿಲ್ ಏರುತ್ತದೆಯೇ ಎಂದು ಕೇಳುತ್ತಾರೆ. ಬಿಲ್ಲಿನ ಚಿಂತೆ ಬೇಡ, ಬೇರೆ ಚಿಂತೆ ಇದೆ.

60 ವ್ಯಾಟ್‌ನ ತಂತಿಯ ಬಲ್ಬು ಬೆಳಗಬೇಕಾದರೆ ಸಾಕಷ್ಟು ಕರೆಂಟು ಹರಿಯಬೇಕು. ಎಲ್‌ಇಡಿಗೆ ತೃಣಮಾತ್ರ ಸಾಕು. ರಾಜ್ಯದಲ್ಲಿ 2015ರ ಕೊನೆಯಲ್ಲಿ ಆರಂಭವಾದ 'ಹೊಸ ಬೆಳಕು' ಯೋಜನೆಯಲ್ಲಿ 9 ವ್ಯಾಟ್‌ನ ಎಲ್‌ಇಡಿ ಬಲ್ಬುಗಳು ಮನೆಮನೆಗೆ ಬಂದಾಗ, ವೈರಿಂಗಿನಲ್ಲಿ ಮೊದಲಿನಿಂದ ಅಡಗಿದ್ದ ತಪ್ಪುಗಳು ಹೀಗೆ ಮಿಣುಕುತ್ತ ಹೊರಬಿದ್ದವು. ಜನ ಎಲ್‌ಇಡಿಯನ್ನೇ ದೂರಿದರು. ನಾನು ಆ ಬಲ್ಬುಗಳಿಗೆ ಕೃತಜ್ಞ. ತಂತಿಯ ಬಲ್ಬು ಮುಚ್ಚಿಟ್ಟದ್ದನ್ನು ಅವು ತೋರಿಸಿಕೊಟ್ಟವು.

ಮಿಣುಕಿಗೆ ನಿರಪಾಯದ ಕಾರಣಗಳೂ ಇವೆ. ಸ್ವಿಚ್ಚಿನಲ್ಲೇ ಸಣ್ಣ ಕೆಂಪು ಸೂಚಕ ದೀಪವಿದ್ದರೆ ಅದರ ಮೂಲಕ ಹರಿಯುವ ಅಲ್ಪ ಕರೆಂಟು ಸಾಕು. ಉದ್ದನೆಯ ಪೈಪಿನೊಳಗೆ ಕರೆಂಟಿರುವ ತಂತಿಯ ಮಗ್ಗುಲಲ್ಲೇ ಇದರ ತಂತಿಯೂ ಸಾಗಿದ್ದರೆ ಸ್ವಲ್ಪ ವೋಲ್ಟೇಜ್ ಇದರಲ್ಲೂ ಹುಟ್ಟುತ್ತದೆ. ಮಳೆಗಾಲದಲ್ಲಿ ಮಾತ್ರ ಮಿಣುಕಿದರೆ ಗೋಡೆಯ ತೇವ ಸ್ವಿಚ್ ಬಾಕ್ಸಿಗೆ ಇಳಿದಿದೆ. ಇದನ್ನು ನಿರಪಾಯ ಎನ್ನಲಾರೆ. ಎಲ್ಲಕ್ಕಿಂತ ಕೆಟ್ಟದ್ದು ನಮ್ಮ ದೊಡ್ಡಮ್ಮನ ಮನೆಯದು, ನ್ಯೂಟ್ರಲ್‌ಗೆ ಕೊಟ್ಟ ಸ್ವಿಚ್. ಅವರ ಮನೆಯ ಬಲ್ಬೂ ರಾತ್ರಿ ಮಿಣುಕುತ್ತಿತ್ತಂತೆ. "ಹೇಗೂ ಕತ್ತಲಲ್ಲಿ ದಾರಿ ಕಾಣುತ್ತದೆ ಎಂದು ಸುಮ್ಮನಿದ್ದೆ" ಎಂದರು ದೊಡ್ಡಮ್ಮ.

ಹೊರಗಿನಿಂದ ನೋಡಿ ಈ ಕಾರಣಗಳನ್ನು ಬೇರ್ಪಡಿಸುವುದು ಕಷ್ಟ. ಟೆಸ್ಟರ್ ಕೂಡ ಮಗ್ಗುಲ ತಂತಿಯಿಂದ ಹುಟ್ಟಿದ ವೋಲ್ಟೇಜಿಗೆ ಮಂಕಾಗಿ ಹತ್ತಬಹುದು. ಆದ್ದರಿಂದ ಸೂಚಕ ದೀಪವಿಲ್ಲದ ಸ್ವಿಚ್ ಆಫ್ ಇದ್ದಾಗ ಬಲ್ಬು ಮಿಣುಕಿದರೆ ಆ ಹೋಲ್ಡರ್‌ನಲ್ಲಿ ಫೇಸ್ ಇದೆಯೆಂದೇ ತಿಳಿದು ದೂರವಿರಿ. ಸ್ವಿಚ್ ಬಾಕ್ಸ್ ಬಿಚ್ಚಿ ಫೇಸ್ ತಂತಿಯನ್ನು ಸ್ವಿಚ್ಚಿಗೆ ತರುವುದು ಎಲೆಕ್ಟ್ರಿಷಿಯನ್‌ಗೆ ದೊಡ್ಡ ಕೆಲಸವಲ್ಲ. ಕೆಂಪು ಫೇಸ್, ಕಪ್ಪು ನ್ಯೂಟ್ರಲ್, ಹಸಿರು ಅರ್ಥ್ ಎಂಬ ರೂಢಿಯನ್ನು ಹಳೆಯ ಮನೆಯಲ್ಲಿ ನಂಬಬೇಡಿ. ಕೈಗೆ ಸಿಕ್ಕ ಬಣ್ಣದ ತಂತಿ ಎಳೆದಿರುವುದನ್ನು ನಾನು ಬೇಕಾದಷ್ಟು ನೋಡಿದ್ದೇನೆ.

ಹತ್ತಿ ಆರುವುದು, ಮಂಕಾಗುವುದು, ದಿಢೀರನೆ ಪ್ರಖರವಾಗುವುದು

ಒಂದೇ ಬಲ್ಬು ಹತ್ತಿ ಆರುತ್ತಿದ್ದರೆ ಆ ಬಲ್ಬು ಅಥವಾ ಅದರ ಹೋಲ್ಡರ್. ಹತ್ತಿದ ಕೆಲವು ನಿಮಿಷದ ನಂತರ ಆರಿ, ತಣ್ಣಗಾದ ಮೇಲೆ ತಾನೇ ಹತ್ತಿದರೆ ಬಲ್ಬಿನೊಳಗೇ ಬೆಸುಗೆ ಬಿಟ್ಟಿದೆ. ಎಲ್‌ಇಡಿಯ ಸಣ್ಣ ಚಿಪ್‌ಗಳು ಸರಪಳಿಯಂತೆ ಒಂದರ ಹಿಂದೊಂದು ಜೋಡಣೆಯಾಗಿರುವುದರಿಂದ ಒಂದು ಕೊಂಡಿ ಬಿಟ್ಟರೆ ಎಲ್ಲವೂ ಆರುತ್ತವೆ. ಬಲ್ಬು ಬದಲಿಸಿ.

ಚಿತ್ರದುರ್ಗದ ನಮ್ಮ ಅಕ್ಕನ ಮನೆಯ ಜಗಲಿಯ ದೀಪ ಸಂಜೆ ಮಾತ್ರ ಮಿಟುಕುತ್ತಿತ್ತು. ಭಾವ ಎರಡು ಬಲ್ಬು, ಒಂದು ಸ್ವಿಚ್ ಬದಲಿಸಿದ್ದರು. ಗುಡ್ಡಗಳ ಮೇಲೆ ಗಾಳಿಯಂತ್ರ ತಿರುಗುವ ಊರದು. ಸಂಜೆ ಗಾಳಿ ಏಳುತ್ತದೆ, ತಂತಿಯಿಂದ ಇಳಿಬಿಟ್ಟ ಹೋಲ್ಡರ್ ಲೋಲಕದಂತೆ ಆಡುತ್ತದೆ. ಆಡಿ ಆಡಿ ಹೋಲ್ಡರ್‌ನ ಮುಚ್ಚಳದ ಬಳಿ ತಂತಿಯ ಎಳೆಗಳು ಒಂದೊಂದಾಗಿ ಹರಿದು, ಮೂರು ಎಳೆ ಉಳಿದಿದ್ದವು. ಒಣ ಕೋಲಿನಿಂದ ಮೆಲ್ಲಗೆ ಅಲುಗಿಸಿದಾಗ ದೀಪ ಮಿಟುಕಿತು, ಕಾರಣ ಅಲ್ಲೇ ಸಿಕ್ಕಿತು. ಜಗಲಿಗೆ ಗೋಡೆಗೆ ಬಿಗಿಯುವ ಹೋಲ್ಡರ್ ಹಾಕಿಕೊಟ್ಟೆ.

ಇಡೀ ಮನೆಯ ದೀಪಗಳು ಒಟ್ಟಿಗೆ ಕುಗ್ಗಿ ಏಳುವುದು ಬೇರೆ ಮಾತು. ನೀರಿನ ಮೋಟಾರ್ ಅಥವಾ ಗ್ರೈಂಡರ್ ಹಾಕಿದ ಕ್ಷಣ ಒಮ್ಮೆ ಕುಗ್ಗಿ ಸರಿಯಾದರೆ ಅದು ಮೋಟಾರಿನ ಆರಂಭದ ಎಳೆತ. ಮೋಟಾರ್ ಓಡುವಷ್ಟು ಹೊತ್ತೂ ಮಂಕಾಗಿಯೇ ಇದ್ದರೆ ಮೇನ್ ಸ್ವಿಚ್ಚಿನಲ್ಲೋ ಮೀಟರಿಗೆ ಬರುವ ಸರ್ವಿಸ್ ತಂತಿಯಲ್ಲೋ ಜೋಡಣೆ ಸಡಿಲವಾಗಿರಬಹುದು, ಅಲ್ಲಿ ಶಾಖ ಹುಟ್ಟುತ್ತಿರುತ್ತದೆ.

ಈಗ ಹೇಳುವ ಲಕ್ಷಣ ಕಂಡರೆ ಮಾತ್ರ ಕಾರಣ ಹುಡುಕುತ್ತ ನಿಲ್ಲಬೇಡಿ. ಕೆಲವು ಕೋಣೆಯ ದೀಪಗಳು ಇದ್ದಕ್ಕಿದ್ದಂತೆ ಕಣ್ಣು ಕುಕ್ಕುವಷ್ಟು ಪ್ರಖರವಾಗಿ, ಬೇರೆ ಕೋಣೆಯವು ಮಂಕಾದರೆ, ಫ್ಯಾನು ಹುಚ್ಚು ವೇಗದಲ್ಲಿ ತಿರುಗಿದರೆ, ಓಡಿಹೋಗಿ ಮೇನ್ ಇಳಿಸಿ. ಮೂರು ಫೇಸಿನ ಲೈನಿನಲ್ಲಿ ನ್ಯೂಟ್ರಲ್ ಕಡಿದಾಗ ಹೀಗಾಗುತ್ತದೆ. 230 ವೋಲ್ಟ್ ಬರಬೇಕಾದ ಕಡೆ 300ರ ಮೇಲೆ, ಕೆಲವೊಮ್ಮೆ 400ರ ಹತ್ತಿರ ಬರಬಹುದು. ಬಲ್ಬಿನ ಜೊತೆ ಟಿವಿ, ಫ್ರಿಜ್ ಎಲ್ಲ ಹೋಗುತ್ತವೆ, ಬೆಂಕಿಯೂ ಏಳಬಹುದು. ಪಕ್ಕದ ಮನೆಗಳಲ್ಲೂ ಹೀಗೇ ಆಗಿದ್ದರೆ ದೋಷ ಕಂಬದ ಕಡೆಯದು. ದಾವಣಗೆರೆ, ಚಿತ್ರದುರ್ಗ ಎರಡೂ ಬೆಸ್ಕಾಂ ವ್ಯಾಪ್ತಿಯ ಜಿಲ್ಲೆಗಳು, 1912ಕ್ಕೆ ಕರೆ ಮಾಡಿ "ನ್ಯೂಟ್ರಲ್ ಹೋಗಿದೆ" ಎಂದು ಸ್ಪಷ್ಟವಾಗಿ ಹೇಳಿ. ಲೈನ್‌ಮನ್ ಬಂದು ಸರಿಪಡಿಸುವವರೆಗೆ ಮೇನ್ ಏರಿಸಬೇಡಿ.

ಟ್ಯೂಬ್‌ಲೈಟಿನ ಬಗ್ಗೆ ಎರಡು ಮಾತು. ಎರಡೂ ತುದಿ ಕೆಂಪಗಿದ್ದು ನಡುವೆ ಹತ್ತದಿದ್ದರೆ ಸ್ಟಾರ್ಟರ್ ಅಂಟಿಕೊಂಡಿದೆ. ತುದಿಗಳು ಕಪ್ಪಾಗಿ, ಪಟಪಟ ಬಡಿದುಕೊಂಡರೆ ಟ್ಯೂಬೇ ಮುದಿಯಾಗಿದೆ. ಹಳೆಯ ಪಟ್ಟಿಗೆ ಎಲ್‌ಇಡಿ ಟ್ಯೂಬ್ ಹಾಕುವುದಾದರೆ ಚೋಕ್ ಮತ್ತು ಸ್ಟಾರ್ಟರ್ ಏನು ಮಾಡಬೇಕೆಂದು ಆ ಟ್ಯೂಬಿನ ಡಬ್ಬಿಯ ಮೇಲಿನ ಚಿತ್ರ ನೋಡಿಯೇ ಮುಂದುವರಿಯಿರಿ. ಎಲ್ಲ ಕಂಪನಿಯವೂ ಒಂದೇ ಬಗೆಯಲ್ಲ.

ಸ್ವಿಚ್ ಹಾಕಿದರೆ ಎಂಸಿಬಿ ಬಿದ್ದರೆ

ತಂತಿಯ ಬಲ್ಬು ಸುಡುವ ಕ್ಷಣದಲ್ಲಿ 'ಟಪ್' ಎಂದು ಎಂಸಿಬಿಯೂ ಬೀಳುವುದುಂಟು. ಕಡಿದ ತಂತಿಯ ನಡುವೆ ಹಾರುವ ಕಿಡಿ ಒಂದು ಕ್ಷಣ ಭಾರಿ ಕರೆಂಟನ್ನು ಎಳೆಯುತ್ತದೆ. ಬಲ್ಬು ಬದಲಿಸಿ ಎಂಸಿಬಿ ಎತ್ತಿದಾಗ ನಿಂತರೆ ಮುಗಿಯಿತು. ಆದರೆ ಬಲ್ಬು ಬಿಚ್ಚಿದ ಮೇಲೂ ಸ್ವಿಚ್ ಹಾಕಿದ ಕೂಡಲೇ ಬೀಳುತ್ತಿದ್ದರೆ ತಂತಿ ತಂತಿಗೆ ತಾಗಿದೆ. ಎಂಸಿಬಿ ನಿಂತು, ಸೋರಿಕೆ ಹಿಡಿಯುವ ರಕ್ಷಣಾ ಸ್ವಿಚ್ಚಾದ 30 ಮಿಲಿಆಂಪಿಯರ್‌ನ ಆರ್‌ಸಿಸಿಬಿ ಮಾತ್ರ ಬಿದ್ದರೆ ಕರೆಂಟು ನೆಲಕ್ಕೆ ಸೋರುತ್ತಿದೆ. ಜೂನ್‌ನ ಮೊದಲ ಮಳೆಗೆ ಬಚ್ಚಲುಮನೆಯ ಮತ್ತು ಹೊರಗಿನ ದೀಪಗಳಲ್ಲಿ ಇದು ಸಾಮಾನ್ಯ. ಬೀಳುತ್ತಿರುವ ಆರ್‌ಸಿಸಿಬಿಯನ್ನು ಕಿರಿಕಿರಿಯೆಂದು ತೆಗೆಸಿಹಾಕಿದ ಮನೆಗಳನ್ನು ಕಂಡಾಗ ನನಗೆ ನಿಜವಾಗಿಯೂ ಸಂಕಟವಾಗುತ್ತದೆ. ಹಳೆಯ ಪಿಂಗಾಣಿ ಫ್ಯೂಸಿಗೆ ದಪ್ಪ ತಾಮ್ರದ ತಂತಿ ಕಟ್ಟುವುದೂ ಅಂಥದ್ದೇ ಕೆಲಸ. ಆಮೇಲೆ ಸುಡುವುದು ಗೋಡೆಯೊಳಗಿನ ವೈರು.

ಹೊಸದನ್ನು ಹಾಕುವಾಗ

ಪಿನ್ ಬಲ್ಬನ್ನು ಮೇಲಕ್ಕೆ ಒತ್ತಿ, ಕೆಳಗಿನಿಂದ ನೋಡಿದಾಗ ಎಡಕ್ಕೆ ತಿರುಗಿಸಿದರೆ ಕೈಗೆ ಬರುತ್ತದೆ. ಹಾಕುವಾಗ ಒತ್ತಿ ಬಲಕ್ಕೆ. ಎಲ್‌ಇಡಿಯ ಬುರುಡೆ ಹಿಡಿದು ತಿರುಗಿಸಬೇಡಿ, ಕತ್ತು ಹಿಡಿಯಿರಿ. ಅಗ್ಗದವುಗಳಲ್ಲಿ ಬುರುಡೆ ಕಿತ್ತು ಕೈಗೆ ಬಂದು, ಒಳಗಿನ ಹಲಗೆ ಬಯಲಾಗುತ್ತದೆ. ಒತ್ತಿದಾಗ ಸ್ಪ್ರಿಂಗ್ ತಿರುಗಿ ಒತ್ತುವ ಬಲ ಕೈಗೆ ತಿಳಿಯಬೇಕು, ತಿಳಿಯದಿದ್ದರೆ ಹೋಲ್ಡರ್ ಬದಲಿಸುವ ಕಾಲ ಬಂದಿದೆ. ತಿರುಪಿನ ಬಲ್ಬನ್ನು ತಾಗುವವರೆಗೆ ತಿರುಗಿಸಿ ನಿಲ್ಲಿಸಿ, ಬಲ ಹಾಕಿ ಬಿಗಿಯಬೇಡಿ. ತಿರುಪಿನ ಹೋಲ್ಡರ್‌ನಲ್ಲಿ ಫೇಸ್ ನಡುವಿನ ಚುಕ್ಕೆಗೆ ಬರಬೇಕು. ಹೊರಗಿನ ಸುರುಳಿಗೆ ಬಂದಿದ್ದರೆ, ಸ್ವಿಚ್ ಆನ್ ಇರುವಾಗ ಬಲ್ಬಿನ ಲೋಹದ ಕತ್ತಿಗೆ ಬೆರಳು ತಾಗಿದರೂ ಶಾಕ್.

ಡಿಮ್ಮರ್ ಇರುವ ಲೈನಿಗೆ ಸಾಮಾನ್ಯ ಎಲ್‌ಇಡಿ ಹೊಂದುವುದಿಲ್ಲ, ನಡುಗುತ್ತದೆ. ದುಗ್ಗಮ್ಮನ ಜಾತ್ರೆಯ ಹೊತ್ತಿಗೆ ಸೀರಿಯಲ್ ದೀಪಕ್ಕೆಂದು ಬಲ್ಬಿನ ಹೋಲ್ಡರ್‌ಗೆ ಸಿಕ್ಕಿಸುವ ಅಡಾಪ್ಟರ್ ಬಹಳ ಮಾರಾಟವಾಗುತ್ತದೆ. ಸೀರಿಯಲ್ ದೀಪದವರೆಗೆ ಸರಿ. ಅದಕ್ಕೇ ಇಸ್ತ್ರಿ ಪೆಟ್ಟಿಗೆ, ನೀರು ಕಾಯಿಸುವ ಕಾಯಿಲ್ ಹಾಕುವುದು ಬೇಡವೇ ಬೇಡ. ಹೋಲ್ಡರ್‌ಗೆ ಅರ್ಥ್ ತಂತಿ ಇಲ್ಲ, ದೀಪದ ತೆಳು ತಂತಿಗೆ ಅಷ್ಟು ಕರೆಂಟು ಹೊರುವ ಶಕ್ತಿಯೂ ಇಲ್ಲ.

ಒಡೆದಾಗ

ಬಲ್ಬು ಹೋಲ್ಡರ್‌ನಲ್ಲೇ ಒಡೆದು ಬುಡ ಮಾತ್ರ ಉಳಿದಿದ್ದರೆ ಮೇನ್ ಮತ್ತು ಇನ್ವರ್ಟರ್ ಆಫ್ ಮಾಡಿ, ಟೆಸ್ಟರ್ ಇಟ್ಟು ನೋಡಿ, ಕಣ್ಣಿಗೆ ಕನ್ನಡಕ ಹಾಕಿಕೊಂಡು, ಹಿಡಿಗೆ ರಬ್ಬರ್ ಇರುವ ಇಕ್ಕಳದಿಂದ ಬುಡದ ಅಂಚು ಹಿಡಿದು ತಿರುಗಿಸಿ. ಆಲೂಗಡ್ಡೆ ಒತ್ತಿ ತಿರುಗಿಸುವ ಉಪಾಯ ಹೇಳುವವರಿದ್ದಾರೆ. ಆಲೂಗಡ್ಡೆ ತುಂಬ ನೀರಿರುತ್ತದೆ, ಆ ರಸ ಹೋಲ್ಡರ್ ಒಳಗೇ ಉಳಿಯುತ್ತದೆ. ಮಾಡಬೇಡಿ.

ಸಿಎಫ್ಎಲ್ ಮತ್ತು ಟ್ಯೂಬಿನಲ್ಲಿ ಕೆಲವು ಮಿಲಿಗ್ರಾಂ ಪಾದರಸ ಇರುತ್ತದೆ. ಒಡೆದರೆ ಮಕ್ಕಳನ್ನು ಹೊರಗೆ ಕಳುಹಿಸಿ, ಫ್ಯಾನ್ ಆರಿಸಿ, ಕಿಟಕಿ ತೆರೆದು ಹತ್ತು ಹದಿನೈದು ನಿಮಿಷ ಆ ಕೋಣೆ ಬಿಡಿ. ಪೊರಕೆಯಿಂದ ಗುಡಿಸಿದರೆ ಪುಡಿ ಏಳುತ್ತದೆ. ದಪ್ಪ ರಟ್ಟಿನಿಂದ ಚೂರು ಒಟ್ಟುಗೂಡಿಸಿ, ಉಳಿದ ಪುಡಿಯನ್ನು ಅಂಟು ಟೇಪಿನಿಂದ ಎತ್ತಿ, ಕೊನೆಗೆ ಒದ್ದೆ ಕಾಗದದಿಂದ ಒರೆಸಿ. ಎಲ್ಲವನ್ನೂ ಮುಚ್ಚಳವಿರುವ ಡಬ್ಬಿಗೆ ಹಾಕಿ, ಹಸಿ ಕಸ ಒಣ ಕಸದೊಡನೆ ಬೆರೆಸದೆ ಬೇರೆಯಾಗಿ ಕೊಡಿ. ಒಳಗೇನಿದೆ ಎಂದು ಕಸದ ಗಾಡಿಯವರಿಗೆ ಬಾಯಿಬಿಟ್ಟು ಹೇಳಿ, ಅವರದೂ ಬರಿಗೈ.

ಯಾರಿಗಾದರೂ ಶಾಕ್ ಹೊಡೆದು ಅಂಟಿಕೊಂಡರೆ ಅವರನ್ನು ಮುಟ್ಟಬೇಡಿ. ಮೊದಲು ಮೇನ್ ಇಳಿಸಿ, ಇನ್ವರ್ಟರ್ ಆಫ್ ಮಾಡಿ. ಅದಾಗದಿದ್ದರೆ ಒಣ ಮರದ ಕೋಲಿನಿಂದ ಬಿಡಿಸಿ, 108ಕ್ಕೆ ಕರೆ ಮಾಡಿ. ಎದ್ದು ಕುಳಿತು ಚೆನ್ನಾಗಿಯೇ ಮಾತನಾಡಿದರೂ ವೈದ್ಯರಿಗೆ ತೋರಿಸಿ, ಹೃದಯದ ಬಡಿತ ತಡವಾಗಿ ಏರುಪೇರಾಗುವುದುಂಟು.

ದೊಡ್ಡಮ್ಮನ ಮನೆಯಲ್ಲಿ ಅಂದು ಹೋಲ್ಡರ್ ಬದಲಿಸಿ, ಫೇಸನ್ನು ಸ್ವಿಚ್ಚಿಗೆ ತಂದೆ. ಹೊಸ ಬಲ್ಬಿನ ಕತ್ತಿನ ಮೇಲೆ ಮಾರ್ಕರ್ ಪೆನ್ನಿನಿಂದ ತಾರೀಖು ಬರೆದೆ. ಹಾಕಿದ ದಿನ ಗೊತ್ತಿದ್ದರೆ ಮುಂದೆ ಅದು ಹೋದಾಗ ಬೇಗ ಹೋಯಿತೋ, ಬಾಳಿ ಹೋಯಿತೋ ಎಂದು ತಿಳಿಯುತ್ತದೆ. ಮೊಮ್ಮಗ ಟೆಸ್ಟರ್ ಕೇಳಿ ಇಸಿದುಕೊಂಡು, ಮನೆಯ ಉಳಿದ ಹೋಲ್ಡರ್‌ಗಳನ್ನೂ ಈಗಲೇ ನೋಡೋಣ ಎಂದ. ನಾನು ಏಣಿ ಹತ್ತಿದೆ, ಅವನು ಕೆಳಗೆ ಹಿಡಿದುಕೊಂಡ. ಹಿತ್ತಲಿನದೂ ನ್ಯೂಟ್ರಲ್‌ಗೇ ಕೊಟ್ಟ ಸ್ವಿಚ್ ಆಗಿತ್ತು.